ಸ್ವಾತಿ ಕಡೆಯ ಖಾಲಿ ಜಾಗ

ಅಲ್ಲಮ್ಮ ಗಗನಾ, ಮೂವತ್ತಮೂರು ಕೋಟಿ ಎಲ್ಲಿ, ಮುನ್ನೂರ ಮೂವತ್ತು ಕೋಟಿ ಎಲ್ಲಿ! ಒಂದೇ ಒಂದು ಸೊನ್ನೆ ತಾನೇ ಅಂತೀಯಾ? ಅನ್ನಲ್ವಾ? ಸರಿ, ಏನೂ ಅನ್ಬೇಡ. ನಿನ್ನೆ ವೇದಿಕೆ ಮೇಲೆ ನಿಂತ ಹಾಗೇ ಇವತ್ತೂ ಬಾಯಿಗೆ ಬೀಗ ಹಾಕ್ಕೊಂಡು ಕೂತಿರು... ಅಯ್ಯೋ, ಬೈಯಕ್ಕೆ ಬಂದಿಲ್ಲ ಕಣಮ್ಮ ನಾನು! ಗವಿಪುರದಿಂದ ಚಾಮರಾಜಪೇಟೆವರೆಗೂ ಈ ಮಂಡಿ ನೋವಲ್ಲಿ ನಡ್ಕೊಂಡು ಬಂದಿರೋದು ಸಮಾಧಾನ ಹೇಳೋಣ ಅಂತ. ನಿಮ್ಮಮ್ಮ ಕಾಫಿ ಬೇರೆ ತಂದಿಟ್ರು. ಆರಿ ಹೋಗ್ತಿದೆ, ನೀನೂ ತಗೋ.

ಆ ಸಿದ್ದಬಸಪ್ಪನ ಕಥೆ ನೋಡು! ತರಗುಪೇಟೇಲಿ ನಲವತ್ತು ವರ್ಷ ಬೇಳೆ ತೂಗಿದ ಮನುಷ್ಯ. ಸ್ವಾತಿ ನಕ್ಷತ್ರ ಎಲ್ಲಿದೆ ಅಂದ್ರೆ ಸೀಲಿಂಗ್ ಫ್ಯಾನ್ ತೋರಿಸ್ತಾನೆ. ಅಂಥವನು ಎದ್ದು ನಿಂತು, "ತಾಯಿ, ನೀವು ತೋರಿಸಿದ ಚಿತ್ರದಲ್ಲಿ ಇಂಗ್ಲಿಷಲ್ಲಿ ಮುನ್ನೂರ ಮೂವತ್ತು ಮಿಲಿಯನ್ ಅಂತಿದೆ. ಹತ್ತು ಮಿಲಿಯನ್‌ಗೆ ಒಂದು ಕೋಟಿ. ನೀವು ಆಕಾಶದ ಆ ಖಾಲಿ ಜಾಗ ಮುನ್ನೂರ ಮೂವತ್ತು ಕೋಟಿ ಜ್ಯೋತಿರ್ವರ್ಷ ಅಗಲ ಅಂತೀರಲ್ಲ, ಹೆಂಗೆ?" ಅಂದ್ಬಿಟ್ಟ. ಹಾಲಿಗೆ ಹಾಲೇ ಘೊಳ್ಳಂತ ನಕ್ತು. ನಾನು ನಗಲಿಲ್ಲಮ್ಮ. ನಿನ್ನಾಣೆ ನಗಲಿಲ್ಲ.

ಇಂಗ್ಲಿಷಲ್ಲಿ ಓದಿ ಕನ್ನಡದಲ್ಲಿ ಹೇಳೋ ನಮಗೆಲ್ಲ ಇರೋ ಕಾಯಿಲೆ ಅದು. ಮಿಲಿಯನ್ ಹೊಡೆದು ಕೋಟಿ ಅಂತ ಬರೆದ್ಬಿಡ್ತೀವಿ, ಸೊನ್ನೆ ತೆಗೆಯೋದು ಮರೆತು ಹೋಗುತ್ತೆ. ನಾನು ಮಾತ್ರ ಮರೀತಿರಲಿಲ್ಲ. ಯಾಕೆ ಹೇಳು? ಮೂವತ್ತಮೂರು ಕೋಟಿ ದೇವತೆಗಳು! ತಲೆಗೊಂದು ಜ್ಯೋತಿರ್ವರ್ಷ ಹಂಚಿದ್ರೆ ಆ ಖಾಲಿ ಜಾಗ ಸರಿಯಾಗಿ ತುಂಬುತ್ತೆ. ಇಪ್ಪತ್ತೆರಡು ವರ್ಷದಿಂದ ನಮ್ಮ ವಿಜ್ಞಾನ ಸಂಘದ ಭಾನುವಾರದ ಉಪನ್ಯಾಸದಲ್ಲಿ ಇದನ್ನೇ ಹೇಳ್ಕೊಂಡು ಬಂದಿದೀನಿ, ನಿದ್ದೇಲಿ ಎಬ್ಬಿಸಿ ಕೇಳಿದ್ರೂ ಹೇಳ್ತೀನಿ... ಯಾಕಮ್ಮ ನಗ್ತೀಯಾ? ನಗೋ ಮಾತೇನಿತ್ತು ಇದ್ರಲ್ಲಿ?

ನಿನಗೆ ನೆನಪಿದ್ಯೋ ಇಲ್ವೋ. ಎಂಟನೇ ಕ್ಲಾಸು ನೀನು, ಎರಡು ಜಡೆ. ನಿಮ್ಮಪ್ಪ ತೀರ್ಕೊಂಡು ಆರು ತಿಂಗಳಾಗಿರಲಿಲ್ಲ. ಮುಂದಿನ ಸಾಲಲ್ಲೇ ಕೂತಿದ್ದೆ. "ಏನೂ ಇಲ್ಲ ಅನ್ನೋದನ್ನ ಹೆಂಗೆ ಸಾರ್ ಕಂಡುಹಿಡಿದ್ರು?" ಅಂತ ಕೇಳ್ದೆ. ಎಂಥಾ ಪ್ರಶ್ನೆ! ಮೈ ಜುಂ ಅಂತು ನನಗೆ. ಯಾರೂ ಖಾಲೀನ ಹುಡುಕ್ಕೊಂಡು ಹೋಗಿರಲಿಲ್ಲ ಕಣಮ್ಮ ಅಂದೆ. ಸ್ವಾತಿ ನಕ್ಷತ್ರದ ಕಡೆ ಗ್ಯಾಲಕ್ಸಿಗಳ ದೂರ ಅಳೆದು ಅಳೆದು ಗುರುತು ಹಾಕ್ತಾ ಹೋದ್ರು. ಹತ್ತಿರದವು ಸಿಕ್ಕಿದ್ವು, ದೂರದವೂ ಸಿಕ್ಕಿದ್ವು. ಮಧ್ಯೆ ಸಾವಿರಾರು ಇರಬೇಕಾದ ಕಡೆ ಹೆಚ್ಚುಕಮ್ಮಿ ಏನೂ ಇಲ್ಲ. ಸುತ್ತ ಅಷ್ಟೊಂದು ಗುರುತು ಹಾಕಿದ್ದಕ್ಕೇ ಅಲ್ಲಿ ಬಿಟ್ಟುಹೋಗಿರೋದು ಕಣ್ಣಿಗೆ ಹೊಡೀತು. ನೀನು ಅಷ್ಟನ್ನೂ ನೋಟ್ ಬುಕ್ಕಲ್ಲಿ ಬರ್ಕೊಂಡೆ. ಅವತ್ತೇ ಮನೆಗೆ ಹೋಗಿ ಹೆಂಡತಿ ಹತ್ರ ಹೇಳ್ದೆ, ನನಗೊಬ್ಬಳು ಮಗಳು ಸಿಕ್ಕಿದ್ಲು ಕಣೇ ಅಂತ.

ಆ ಮಗಳು ಏನು ಮಾಡಿದ್ಲು? ಹೇಳ್ಬಿಡ್ತೀನಿ, ಹೊಟ್ಟೇಲಿಟ್ಕೊಂಡು ಸಾಯಕ್ಕಾಗಲ್ಲ. ನನ್ನ ಜಾಗ ನಿನಗೆ ಕೊಟ್ಟಿರೋ ವಿಷಯ ಗೊತ್ತಾಗಿದ್ದು ಹೇಗೆ ಗೊತ್ತಾ? ಸಂಘದ ಬಾಗಿಲಿಗೆ ಅಂಟಿಸಿದ್ದ ಚೀಟಿ ಓದಿ! ಕನ್ನಡಕ ಒರೆಸ್ಕೊಂಡು ಎರಡು ಸಲ ಓದಿದೆ. ನಿನಗೆ ಯುಗಾದಿ ಹೊತ್ತಿಗೇ ಗೊತ್ತಿತ್ತು. ಯುಗಾದಿ ದಿನ ನಮ್ಮನೇಲಿ ಕೂತು ಹೋಳಿಗೆ ತಿಂದ್ಯಲ್ಲೇ! ಒಂದು ಮಾತು... "ಸಾರ್, ನಿಮ್ಮ ಬದಲು ನನ್ನ ಕರೆದಿದಾರೆ, ಹೋಗ್ಲಾ?" ಅಂದಿದ್ರೆ ನಾನೇ ಕೈ ಹಿಡಿದು ಕರ್ಕೊಂಡು ಹೋಗ್ತಿದ್ದೆ. ನಿನ್ನೆ ಮೈಕ್ ಮುಂದೆ ಯಾರ್ಯಾರಿಗೋ ವಂದನೆ ಹೇಳ್ದೆ. ಮೈಕಿನವನಿಗೂ ಹೇಳ್ದೆ. ಮುಂದಿನ ಸಾಲಲ್ಲಿ ಕೂತಿದ್ದ ನಾಗಭೂಷಣ್ ಮೇಷ್ಟ್ರು ಕಾಣಲಿಲ್ಲ ನಿನ್ನ ಕಣ್ಣಿಗೆ. ಉರಿಯುತ್ತಮ್ಮ. ಬೇರೆಯವರು ಮಾಡಿದ್ರೆ ಹಾಳಾಗಿ ಹೋಗಲಿ ಅಂತಿದ್ದೆ. ನೀನು ಮಾಡಿದ್ಯಲ್ಲ.

ಅಳ್ತಿದೀಯಾ? ಅಳ್ಬೇಡ. ಬಿಡು, ಆಗಿದ್ದಾಯ್ತು.

ವಿಷಯ ಏನಂದ್ರೆ... ಬೆಳಿಗ್ಗೆ ಕಾರ್ಯದರ್ಶಿ ರೇವಣಸಿದ್ದಯ್ಯ ಫೋನ್ ಮಾಡಿದ್ರು. "ಹುಡುಗಿ ಮರ್ಯಾದೆ ಕಳೆದ್ಬಿಟ್ಲು, ಮುಂದಿನ ಭಾನುವಾರದಿಂದ ಮತ್ತೆ ನೀವೇ ಬನ್ನಿ ಮೇಷ್ಟ್ರೇ" ಅಂದ್ರು. ನಾನು ಬೇಡ ಅಂದೆ. ಎರಡು ಸಲ ಬೇಡ ಅಂದೆ! ಆಮೇಲೆ, ಅವರೂ ದೊಡ್ಡೋರು, ಎಷ್ಟು ಸಲ ಬೇಡ ಅನ್ನೋದು... ಹೂಂ ಅಂದೆ. ನಿನಗೆ ಬೇರೆಯವರ ಬಾಯಿಂದ ಗೊತ್ತಾಗಬಾರದು ನೋಡು, ಅದಕ್ಕೇ ನಾನೇ ಬಂದೆ. ನಿನ್ನ ಹಾಗೆ ಬಚ್ಚಿಡೋದು ನನಗೆ ಬರಲ್ಲ.

ಯಾಕೆ ಹಾಗೆ ನೋಡ್ತೀಯಾ? ಹೋದ ವಾರ ಬರೆದಿದ್ದೆಲ್ಲ ತಂದು ಕೊಟ್ಟಿದ್ಯಲ್ಲ, ಓದಲಿಲ್ವಾ ಅಂತಾನಾ? ಓದಿದೆನಮ್ಮ, ಓದಿದೆ. ಸಂಘದಲ್ಲಿ ಯಾರೇ ಮಾತಾಡಲಿ, ನನ್ನ ಕೆಂಪು ಪೆನ್ಸಿಲ್ ಆಡದೆ ಹಾಳೆ ವೇದಿಕೆ ಹತ್ತಲ್ಲ. ಆದ್ರೆ ನನ್ನ ಕಣ್ಣು ಗೊತ್ತಲ್ಲ, ಪೊರೆ ತೆಗೆಸಿ ಇನ್ನೂ ತಿಂಗಳಾಗಿಲ್ಲ. ದಿನಕ್ಕೆ ನಾಲ್ಕು ಸಲ ಡ್ರಾಪ್ಸ್. ಅಕ್ಷರ ಎಲ್ಲ ಇರುವೆ ಹರಿದ ಹಾಗೆ ಕಾಣ್ತಿತ್ತು. ಮೇಲಿಂದ ಮೇಲೆ ನೋಡಿ ಕೊಟ್ಟೆ. ಒಂದು ಸೊನ್ನೆ ಹೆಚ್ಚಿರೋದು ಹೇಗೆ ಗೊತ್ತಾಗ್ಬೇಕು?

ಎಲ್ಲಿಗೆ ಎದ್ದೆ? ಕೂತ್ಕೋ... ಆ ಫೈಲ್ ಯಾಕೀಗ? ಬೇಡಮ್ಮ. ಕನ್ನಡಕ ತಂದಿಲ್ಲ... ಓ. ಜೇಬಲ್ಲೇ ಇದ್ಯಲ್ಲ.

ಹೂಂ, ಏಳನೇ ಪುಟ. ಏನಿದೆ ಇಲ್ಲಿ? ಸಾವಿರದ ಒಂಬೈನೂರ ಎಂಬತ್ತೊಂದರಲ್ಲಿ ಪತ್ತೆ... ರೈಟು ಹಾಕಿದೀನಿ. ಒಳಗೆ ಇದುವರೆಗೆ ಕಂಡಿರೋದು ಅರವತ್ತು ಗ್ಯಾಲಕ್ಸಿ... ರೈಟು ಹಾಕಿದೀನಿ. ಇಲ್ಲೊಂದು ಕಾಮಾ ಬಿಟ್ಟಿದ್ದೆ ನೀನು, ತಿದ್ದಿದೀನಿ. ಚಿಕ್ಕ ಕಾಮಾ.

ಮಧ್ಯದ ಸಾಲಾ? ಹೂಂ... ಮುನ್ನೂರ ಮೂವತ್ತು ಕೋಟಿ. ಅದರ ಪಕ್ಕ ಏನೂ ಇಲ್ಲ. ಪೆನ್ಸಿಲ್ ಮೊನೆ ಮುರಿದಿತ್ತೇನೋ... ಕೆಳಗಿನ ಸಾಲಿಗೆ ಹಾಕಿದೀನಲ್ಲ ಅಂತೀಯಾ. ಹೌದು, ಹಾಕಿದೀನಿ. ಎಂಟನೇ ಪುಟಾನೂ ತೆಗೀಬೇಡ. ಸಾಕು.

ಏನಾದ್ರೂ ಹೇಳೇ! ಆ ಸಾಲಿನ ಮೇಲೆ ಹೀಗೆ ಬೆರಳಿಟ್ಕೊಂಡು ಕೂರ್ಬೇಡ. ಬೈಯಿ. ನಿಮ್ಮಮ್ಮನ್ನ ಕರಿ.

ಮೂವತ್ತಾರು ವರ್ಷ ಮೇಷ್ಟ್ರಾಗಿದ್ದೆ, ಗಗನಾ. ತಪ್ಪು ಲೆಕ್ಕಕ್ಕೆ ಒಂದು ಸಲಾನೂ ರೈಟು ಹಾಕಿದವನಲ್ಲ. ಅವತ್ತೂ ಈ ಕೈ ಬರಲಿಲ್ಲ. ತಿದ್ದಕ್ಕೂ ಬರಲಿಲ್ಲ. ಪೆನ್ಸಿಲ್ ಅಲ್ಲೇ ಹಿಡ್ಕೊಂಡು ಬಹಳ ಹೊತ್ತು ಕೂತಿದ್ದೆ. ಹೆಂಡತಿ ಊಟಕ್ಕೆ ಕರೆದ್ಲು. ಎದ್ದು ಹೋದೆ.

ಕೊನೇ ಪುಟ ತಿರುಗಿಸ್ಬೇಡಮ್ಮ. ಏನು ಬರೆದಿದೀನಿ ಅಂತ ಗೊತ್ತು ನನಗೆ. ನಿನ್ನ ಎಂಟನೇ ಕ್ಲಾಸಿನ ನೋಟ್ ಬುಕ್ಕಿಗೆ ಬರೀತಿದ್ದಿದ್ದೇ. "ನೋಡಿದೆ", ಅದರ ಕೆಳಗೆ ನನ್ನ ಸಹಿ.

ಹೌದು ಕಣಮ್ಮ. ನೋಡಿದ್ದೆ.