ಸೂಪರ್‌ವೈಸರ್ ಮುರಿಗೆಪ್ಪನ ಮೂರು ಅರ್ಜಿಗಳು

ಒಂದೂರಲ್ಲಿ ಒಬ್ಬ ಶ್ರೀಮಂತನಿದ್ದ ಎಂದು ಶುರು ಮಾಡಿದರೆ ನಿಮಗೆ ಆರಾಮ. ಶ್ರೀಮಂತ ಎಂದರೆ ಯಾವಾಗಲೂ ಬೇರೆ ಯಾರೋ. ಅವನಿಗೆ ಬುದ್ಧಿ ಹೇಳಿದರೆ ನಮಗೆ ತಗಲುವುದಿಲ್ಲ. ತಲೆದೂಗಿ, ಪ್ರಸಾದ ಮಾಡಿ ಮನೆಗೆ ಹೋಗಬಹುದು. ಅದಕ್ಕೇ ಇವತ್ತು ಶ್ರೀಮಂತನಿಗೆ ರಜೆ. ಒಂದೂರಲ್ಲಿ ಒಬ್ಬ ಸೂಪರ್‌ವೈಸರ್ ಇದ್ದ. ಹೆಸರು ಮುರಿಗೆಪ್ಪ. ಯಾವ ಊರು ಎಂದು ಕೇಳಬೇಡಿ. ಅಲ್ಲಿಗೆ ಹೋಗಲು ನೀವು ಬಸ್ಸು ಹತ್ತಬೇಕಾಗಿಲ್ಲ ಎಂದರೆ ಸಾಕು. ಅವನ ಒಪ್ಪಿಗೆ ಕೇಳಿಯೇ ಹೇಳುತ್ತಿದ್ದೇನೆ. ಕಥೆಯ ಓಟಕ್ಕೆ ಏಕವಚನ ಬಳಸುತ್ತೇನೆ, ಅದಕ್ಕೂ ಒಪ್ಪಿದ್ದಾನೆ.

ಮುರಿಗೆಪ್ಪ ಬಿಸ್ಕತ್ತು ಕಾರ್ಖಾನೆಯಲ್ಲಿ ಇಪ್ಪತ್ತೆರಡು ವರ್ಷ ದುಡಿದವನು. ಪ್ಯಾಕಿಂಗ್ ವಿಭಾಗದ ಸೂಪರ್‌ವೈಸರ್. ಕೈಕೆಳಗೆ ನಲವತ್ತು ಹೆಣ್ಣುಮಕ್ಕಳು. ಮನುಷ್ಯ ಒಳ್ಳೆಯವನೇ, ಆದರೆ ಮೆಮೊ ಬರೆಯುವ ಚಟ. ತಡವಾಗಿ ಬಂದರೆ ಮೆಮೊ, ಬೇಗ ಎದ್ದರೆ ಮೆಮೊ. ಜೈತುನಬಿ ಎಂಬ ಕೆಲಸಗಾರ್ತಿಗೆ ಒಮ್ಮೆ ‘ಕರ್ತವ್ಯದ ವೇಳೆಯಲ್ಲಿ ಕಾರಣವಿಲ್ಲದೆ ನಕ್ಕಿದ್ದಕ್ಕೆ’ ಮೆಮೊ ಕೊಟ್ಟಿದ್ದ. ನೋಡಿ, ಕಾರಣವಿಲ್ಲದೆ ಅಂತೆ. ಕಾರಣ ತಾನೇ ಎಂದು ಅವನಿಗೆ ಹೇಳುವವರು ಯಾರು?

ಕಾರ್ಖಾನೆಗೆ ಕಷ್ಟ ಬಂತು. ಮೊದಲು ಹತ್ತು ಜನರನ್ನು ತೆಗೆಯಬೇಕು, ಪಟ್ಟಿ ಕೊಡು ಎಂದು ಮ್ಯಾನೇಜರ್ ಕೇಳಿದ. ಮುರಿಗೆಪ್ಪ ಮೆಮೊ ಇದ್ದವರ ಹೆಸರನ್ನೇ ಮೊದಲು ಬರೆದುಕೊಟ್ಟ. ಅದೇ ಪಟ್ಟಿಯನ್ನು ಗೋಡೆಗೆ ಅಂಟಿಸಿದರು, ಜೈತುನಬಿ ಹೋದಳು. ಅದಾಗಿ ಎರಡು ತಿಂಗಳಿಗೆ, ಒಂದು ಮಂಗಳವಾರ ಬೆಳಿಗ್ಗೆ ಕಾರ್ಖಾನೆಗೇ ಬೀಗ ಬಿತ್ತು. ಎಲ್ಲರನ್ನೂ ಕೆಲಸದಿಂದ ತೆಗೆದಿದ್ದೇವೆ ಎಂದು ಗೇಟಿಗೆ ಕಾಗದ ಅಂಟಿಸಿದ್ದರು. ಹೆಂಗಸರು ಅತ್ತರು, ಗಂಡಸರು ಬೈದರು. ಮುರಿಗೆಪ್ಪ ಆ ಕಾಗದದಲ್ಲಿ ಎರಡು ಕಾಗುಣಿತದ ತಪ್ಪು ಹುಡುಕಿದ.

ಮರುದಿನ ಏಳೂವರೆಗೆ ಇಸ್ತ್ರಿ ಅಂಗಿ ತೊಟ್ಟು, ಬುತ್ತಿ ಡಬ್ಬಿ ಹಿಡಿದು ಎಂದಿನಂತೆ ಮನೆ ಬಿಟ್ಟ. ಹೆಂಡತಿ ನೀಲವ್ವನಿಗೆ ಎಲ್ಲ ಗೊತ್ತು. ಓಣಿಗೆ ಗೊತ್ತಾಗಬಾರದು, ಅಷ್ಟೆ. ಎಲ್ಲಿಗೆ ಹೋಗುವುದು? ಬಸ್ ನಿಲ್ದಾಣಕ್ಕೆ ಹೋದ. ಬಸ್ಸುಗಳು ಹೊತ್ತಿಗೆ ಸರಿಯಾಗಿ ಬರುತ್ತವೆಯೇ ಎಂದು ಕೂತು ನೋಡಿದ. ಬಾಳೆಹಣ್ಣಿನ ಗಾಡಿಯವನಿಗೆ ಹಣ್ಣನ್ನು ಸಾಲಾಗಿ ಜೋಡಿಸಲು ಹೇಳಿದ. ಪರಿಚಯದವರು ಸಿಕ್ಕಿ ಕೆಲಸಕ್ಕೆ ಹೋಗಿಲ್ಲವೇ ಎಂದರೆ ಮಷೀನು ರಿಪೇರಿ ನಡೆದಿದೆ ಎಂದ. ಹೀಗೆ ಒಂದು ತಿಂಗಳು ರಿಪೇರಿ ನಡೆಯಿತು. ಅಷ್ಟರಲ್ಲಿ ಆ ಮಷೀನನ್ನು ಮಾಲೀಕರು ಮಾರಿಯೂ ಆಗಿತ್ತು.

ನಗುತ್ತಿದ್ದೀರಿ. ನಗಿ, ಮೆಮೊ ಇಲ್ಲ. ಆದರೆ ಹೇಳಿ, ಈ ಸಭೆಯಲ್ಲಿ ಎಷ್ಟು ಮನೆಗಳಲ್ಲಿ ಮಷೀನು ರಿಪೇರಿ ನಡೆದಿದೆ?

ನೀಲವ್ವ ಖಾನಾವಳಿಗೆ ರೊಟ್ಟಿ ಬಡಿದುಕೊಡಲು ಶುರು ಮಾಡಿದ್ದಳು. ಅಲ್ಲಿ ಅವಳ ಕಿವಿಗೆ ಒಂದು ಸುದ್ದಿ ಬಿತ್ತು. ಕೆಲಸ ಕಳೆದುಕೊಂಡವರಿಗೆ ಸರ್ಕಾರ ಕೆಲವು ತಿಂಗಳು ನಿರುದ್ಯೋಗ ಭತ್ಯೆ ಕೊಡುತ್ತದೆ, ತೊಂಬತ್ತು ದಿನದೊಳಗೆ ಅರ್ಜಿ ಹಾಕಬೇಕು ಎಂದು. ಗಂಡನಿಗೆ ಹೇಳಿದಳು. ತಾನು ಬೇಡುವ ಮನುಷ್ಯನಲ್ಲ ಎಂದ ಅವನು. ಇಪ್ಪತ್ತೆರಡು ವರ್ಷ ದಿನಾ ಇನ್ನೊಂದು ಬಿಸಿ ರೊಟ್ಟಿ ಹಾಕು ಎಂದು ಕೇಳಿದ್ದು ಬೇಡಿದ್ದಲ್ಲವೇ ಎಂದಳು ಅವಳು. ಮರುದಿನ ಅವನು ಅರ್ಜಿ ಹಾಕಲು ಹೋದ.

ಆನ್‌ಲೈನ್ ಅರ್ಜಿ ಹಾಕುವ ಅಂಗಡಿಯಲ್ಲಿ ಉದ್ಯೋಗ ಏನು ಎಂದು ಕೇಳಿದರು. ಸೂಪರ್‌ವೈಸರ್ ಎಂದ. ಹಾಗೆಯೇ ಒತ್ತಿದರು. ಮೂರು ವಾರಕ್ಕೆ ಉತ್ತರ ಬಂತು: ಅರ್ಜಿದಾರರು ಉದ್ಯೋಗದಲ್ಲಿರುವುದರಿಂದ ಅರ್ಜಿ ತಿರಸ್ಕೃತ. ಸರ್ಕಾರಕ್ಕೆ ಗೊತ್ತಿರುವ ಆ ಉದ್ಯೋಗ ಎಲ್ಲಿದೆ ಎಂದು ಕೇಳಿಕೊಂಡು ಬಂದರೆ ನಾಳೆಯಿಂದಲೇ ಹೋಗಬಹುದಲ್ಲ ಎಂದಳು ನೀಲವ್ವ.

ಎರಡನೆಯ ಅರ್ಜಿ. ಈ ಸಲ ಹಿಂದಿನ ಉದ್ಯೋಗ ಎಂಬ ಕಡೆ ಸರಿಯಾಗಿ ಬರೆಸಿದ. ಕೆಳಗೆ ಇನ್ನೊಂದು ಪ್ರಶ್ನೆ ಇತ್ತು, ಕೆಲಸ ಹೋದ ಕಾರಣವೇನು ಎಂದು. ತನ್ನನ್ನು ತೆಗೆದರು ಎಂದು ಮುರಿಗೆಪ್ಪ ಬರೆಸುತ್ತಾನೆಯೇ? ಅಂಗಡಿಯಲ್ಲಿ ನಾಲ್ಕು ಜನ ಕೇಳಿಸಿಕೊಳ್ಳುತ್ತಿದ್ದರು. ಸ್ವಂತ ಇಚ್ಛೆಯಿಂದ ಬಿಟ್ಟೆ ಎಂದು ಗಟ್ಟಿಯಾಗಿ ಹೇಳಿದ. ಸ್ವಂತ ಇಚ್ಛೆಯಿಂದ ಬಿಟ್ಟವರಿಗೆ ಸರ್ಕಾರ ಯಾಕೆ ಕೊಡುತ್ತದೆ? ಅದೂ ವಾರದೊಳಗೆ ವಾಪಸು ಬಂತು.

ಆಮೇಲೆ ಅವನು ಕೇಳಬಾರದವರನ್ನೆಲ್ಲ ಕೇಳಿದ. ಒಬ್ಬರು ಗಾಡಿಯ ಮೇಲೆ ಹೋಗುತ್ತಲೇ ಮಾಡಿಸೋಣ ಎಂದರು. ಇನ್ನೊಬ್ಬರು ತಮಗೆ ಮೇಲಿನವರು ಗೊತ್ತು, ಮಾಡಿಸೋಣ ಎಂದರು. ಮತ್ತೊಬ್ಬರು ಅಮಾವಾಸ್ಯೆ ಕಳೆಯಲಿ, ಮಾಡಿಸೋಣ ಎಂದರು. ಅಮಾವಾಸ್ಯೆ ಕಳೆಯಿತು. ಹುಣ್ಣಿಮೆಯೂ ಕಳೆಯಿತು. ನೋಡಿ, ನಮ್ಮ ಊರಲ್ಲಿ ಮಾಡಿಸೋಣ ಎನ್ನುವವರಿಗೆ ಬರವಿಲ್ಲ. ಮಾಡುವವರು ಯಾರು ಎಂದು ಮಾತ್ರ ಯಾರಿಗೂ ಗೊತ್ತಿಲ್ಲ.

ಮುರಿಗೆಪ್ಪ ಊರಿನ ಸ್ವಾಮಿಯ ಹತ್ತಿರವೂ ಹೋದ. ಎರಡೂ ತಿರಸ್ಕಾರದ ಕಾಗದಗಳನ್ನು ಮುಂದಿಟ್ಟ. ಸ್ವಾಮಿ ಕಾಗದ ಬಿಡಿಸಿ ನೋಡಲಿಲ್ಲ. ವಿಭೂತಿ ಹಚ್ಚಿ, ಎಲ್ಲ ಒಳ್ಳೆಯದಾಗುತ್ತದೆ ಎಂದು ಹೇಳಿ, ಒಂದು ಮೂಸಂಬಿ ಕೊಟ್ಟು ಕಳಿಸಿದ. ಸ್ವಾಮಿಗೆ ಓದು ಬರುತ್ತದೆ, ಕನ್ನಡಕವೂ ಇದೆ. ಮೂರು ನಿಮಿಷ ಓದಿದ್ದರೆ ತಪ್ಪು ಎಲ್ಲಿದೆ ಎಂದು ತಿಳಿಯುತ್ತಿತ್ತು. ಓದಲಿಲ್ಲ. ಆ ಸ್ವಾಮಿ ನಾನೇ. ಹಿಂದಿನ ಸಾಲಿನವರು ಆಗಲೇ ನಗುತ್ತಿದ್ದೀರಿ, ನಿಮಗೆ ಮೊದಲೇ ಗೊತ್ತಿತ್ತು.

ತೊಂಬತ್ತರಲ್ಲಿ ಹನ್ನೊಂದು ದಿನ ಉಳಿದಿತ್ತು. ಮುರಿಗೆಪ್ಪ ನೇರವಾಗಿ ಭತ್ಯೆ ಮಂಜೂರು ಮಾಡುವ ಕಚೇರಿಗೇ ಹೋದ. ಮೆಟ್ಟಿಲ ಬಳಿ ಏಳೆಂಟು ಜನರ ಗುಂಪು. ನಡುವೆ ಒಬ್ಬಳು ಹೆಂಗಸು ನೋಟುಬುಕ್ಕು ತೊಡೆಯ ಮೇಲಿಟ್ಟು ಒಬ್ಬೊಬ್ಬರ ಕಾಗದವನ್ನೇ ಓದಿ, ಇಲ್ಲಿ ಇದು ಬರೆಯಿರಿ, ಅಲ್ಲಿ ಅದು ಬೇಡ ಎಂದು ತಿದ್ದುತ್ತಿದ್ದಳು. ಯಾರಿಂದಲೂ ಏನೂ ತೆಗೆದುಕೊಳ್ಳುತ್ತಿರಲಿಲ್ಲ. ಅವಳೇ ಜೈತುನಬಿ. ಅವಳ ಸ್ವಂತ ಅರ್ಜಿ ನಾಲ್ಕು ಸಲ ತಿರಸ್ಕಾರವಾಗಿತ್ತು. ಪ್ರತಿ ಸಲವೂ ಯಾಕೆ ಎಂದು ಒಳಗೆ ಕೇಳಿ ಕೇಳಿ ಬರೆದುಕೊಂಡಿದ್ದಳು. ಒಳಗಿನ ಗುಮಾಸ್ತರೇ ಈಗ ಗೊಂದಲವಾದರೆ ಹೊರಗೆ ಅಮ್ಮನನ್ನು ಕೇಳಿ ಎಂದು ಕಳಿಸುತ್ತಿದ್ದರು.

ಮುರಿಗೆಪ್ಪ ಅವಳನ್ನು ಕಂಡವನೇ ಝೆರಾಕ್ಸ್ ಅಂಗಡಿಯ ಹಿಂದೆ ಸರಿದ. ಅಲ್ಲೇ ಎರಡು ದಿನ ನಿಂತ. ಹನ್ನೊಂದರಲ್ಲಿ ಎರಡು ಹೀಗೆ ಹೋಯಿತು. ಮೂರನೆಯ ದಿನ ಅವಳೇ ಕರೆದಳು.

“ಸೂಪರ್‌ವೈಸರ್ ಸಾಹೇಬ್ರ, ಎರಡು ದಿನದಿಂದ ಅಲ್ಲೇ ನಿಂತೀರಿ. ಕಾಗದಾ ಝೆರಾಕ್ಸ್ ಮಾಡ್ಸಾಕ ಬಂದೀರೋ, ನೀವ ಝೆರಾಕ್ಸ್ ಆಗಾಕ ಬಂದೀರೋ?”

ಗುಂಪು ನಕ್ಕಿತು. ಮುರಿಗೆಪ್ಪ ಬಂದು ಮೆಟ್ಟಿಲ ಮೇಲೆ ಕೂತ. ಅವಳು ಎರಡೂ ಕಾಗದಗಳನ್ನು ನಿಧಾನವಾಗಿ ಓದಿದಳು. ಆಮೇಲೆ ಒಳಗಿನ ಅಧಿಕಾರಿಯ ಹಾಗೆ ಪ್ರಶ್ನೆ ಕೇಳತೊಡಗಿದಳು. ಏನು ಕೆಲಸ ಎಂದಳು. ಪ್ಯಾಕಿಂಗ್ ಸೂಪರ್‌ವೈಸರ್ ಎಂದ. ಅದು ಆವಾಗ, ಈಗ ಏನು ಎಂದಳು. ಅವನು ಚೀಲದ ಹಿಡಿಕೆ ಸರಿಮಾಡಿಕೊಂಡ. ಮತ್ತೆ ಕೇಳಿದಳು. ಆಗ ಅವನ ಬಾಯಿಂದ ಬಂತು.

“ನನಗ ಕೆಲಸ ಇಲ್ಲ.”

“ಹಾಂ, ಅದನ್ನ ಬರೀರಿ. ಬೈಗುಳ ಅಲ್ರಿ ಅದು, ನನಗೂ ಇಲ್ಲ. ಇದು ಭಿಕ್ಷಾ ಅಂತ ತಿಳ್ಕೋಬ್ಯಾಡ್ರಿ. ತಿಂಗಳಾ ತಿಂಗಳಾ ನಮ್ಮ ಪಗಾರದಾಗ ಇದಕ್ಕಂತನ ಮುರ್ಕೊಂಡಾರ.”

ಬರೆದ. ನನಗೆ ಹೇಳುವಾಗ ಅವನು ಇದನ್ನೇ ಎರಡು ಸಲ ಹೇಳಿದ: ಅಜ್ಜಾರ, ಇಪ್ಪತ್ತೆರಡು ವರ್ಷದಲ್ಲಿ ಎಷ್ಟೋ ಬರೆದಿದ್ದೇನೆ, ಆ ಒಂದು ಸಾಲಿನಷ್ಟು ಕಷ್ಟದ್ದು ಯಾವುದೂ ಇರಲಿಲ್ಲ, ಬರೆದ ಮೇಲೆ ಹಸಿವಾಯಿತು, ಮೆಟ್ಟಿಲ ಮೇಲೆಯೇ ಡಬ್ಬಿ ಬಿಚ್ಚಿ ಉಂಡೆ.

ಇನ್ನೊಂದು ತೊಡಕಿತ್ತು. ಕೆಲಸದಿಂದ ತೆಗೆದದ್ದು ನಿಜ ಎಂದು ಕಾರ್ಖಾನೆಯವರ ಸಹಿ ಬೇಕು. ಕಾರ್ಖಾನೆಗೆ ಬೀಗ, ಮಾಲೀಕರ ಕಚೇರಿ ಇರುವುದು ಎರಡು ಬಸ್ಸು ಬದಲಿಸಿ ಹೋಗುವ ಊರಲ್ಲಿ. ವಿಳಾಸ ಕೊಟ್ಟು, ಹೋಗಿ ಬನ್ನಿ ಎನ್ನಬಹುದಿತ್ತು. ನಾವಾಗಿದ್ದರೆ ಹಾಗೇ ಎನ್ನುತ್ತಿದ್ದೆವು, ಜೊತೆಗೆ ಒಳ್ಳೆಯದಾಗಲಿ ಎಂದೂ ಸೇರಿಸುತ್ತಿದ್ದೆವು. ಅವಳು ಮರುದಿನ ಬೆಳಿಗ್ಗೆ ಬಸ್ ನಿಲ್ದಾಣದಲ್ಲಿ ಅವನಿಗಿಂತ ಮೊದಲೇ ಬಂದು ನಿಂತಿದ್ದಳು.

ಬಸ್ಸಿನಲ್ಲಿ ಮುರಿಗೆಪ್ಪ, ನಿನಗೆ ಭತ್ಯೆ ಯಾವಾಗ ಬಂತು ಎಂದು ಕೇಳಿದ. ಬಂದಿಲ್ಲ ಎಂದಳು. ಅವಳ ಹೆಸರು ಆಧಾರ್ ಕಾರ್ಡಿನಲ್ಲಿ ಜೈತುನಬಿ, ಬ್ಯಾಂಕಿನಲ್ಲಿ ಜೈತೂನ್ ಬೀ, ಕಾರ್ಖಾನೆಯ ಪುಸ್ತಕದಲ್ಲಿ ಜಯತುನಮ್ಮ. ಕಂಪ್ಯೂಟರಿಗೆ ಇವರು ಮೂರು ಜನ. ಎಲ್ಲ ತಿಳಿದುಕೊಳ್ಳುವುದರೊಳಗೆ ಅವಳ ತೊಂಬತ್ತು ದಿನ ಮುಗಿದಿತ್ತು. ಮೂವತ್ತಾರು ಜನರ ಅರ್ಜಿ ಪಾಸು ಮಾಡಿಸಿದವಳಿಗೆ ತನ್ನದೇ ಆಗಿರಲಿಲ್ಲ.

ಕಾರ್ಖಾನೆಯ ಪುಸ್ತಕದಲ್ಲಿ ಹೆಸರು ಬರೆದವನು ಯಾರು? ನೀವು ಹೇಳಬೇಕಾಗಿಲ್ಲ. ಮುರಿಗೆಪ್ಪ ಕೊನೆಗೆ ಬಾಯಿ ಬಿಟ್ಟ.

“ತೆಗಿಯೋರ ಪಟ್ಟಿ ಬರ್ದಾಂವಾನೂ ನಾನ.”

“ಗೊತ್ತೈತ್ರಿ. ನಿಮ್ಮ ಅಕ್ಷರಾ ಗುರುತು ಹಿಡೀಲಾರೆನೇನು? ಒಂಬತ್ತು ಮೆಮೊ ಓದೀನಿ.”

“ಮತ್ತ ನನ್ನ ಜೋಡಿ ಯಾಕ ಬಂದೀ ಯವ್ವಾ?”

“ಒಬ್ಬರ ಹೋದ್ರ ಸಹಿ ಮಾಡಾಂವ್ಗೂ ಒಂದು ಮೆಮೊ ಕೊಟ್ಟು ಬರ್ತೀರಿ ಅಂತ.”

ನೋಡಿ, ಅದೇ ಪ್ರಶ್ನೆ ನನಗೆ ಕೇಳಿದ್ದರೆ ಕ್ಷಮೆ, ಕರುಣೆ ಎಂದು ಒಂದು ತಾಸು ಮಾತಾಡುತ್ತಿದ್ದೆ. ಅವಳು ಒಂದೇ ಮಾತು ಹೇಳಿ ಟಿಕೆಟು ತೆಗೆಸಿದಳು.

ಅಲ್ಲಿ ಮಧ್ಯಾಹ್ನದವರೆಗೆ ಕೂರಿಸಿದರು. ಸಹಿ ಮಾಡುವವರು ಇಲ್ಲ ಎಂದರು. ಬರುವವರೆಗೆ ಇರುತ್ತೇವೆ ಎಂದು ಅವಳು ಬಾಗಿಲ ಎದುರಿಗೇ ಕೂತು, ಬಂದು ಹೋಗುವವರಿಗೆಲ್ಲ ನಗುಮುಖದಿಂದ ವಿಷಯ ವಿವರಿಸತೊಡಗಿದಳು. ಐದನೆಯವನಿಗೆ ವಿವರಿಸುವ ಹೊತ್ತಿಗೆ, ಇಲ್ಲದೆ ಇದ್ದವರು ಒಳಗಿನಿಂದಲೇ ಬಂದು ಸಹಿ ಹಾಕಿದರು. ಗಡುವಿಗೆ ನಾಲ್ಕು ದಿನ ಇರುವಾಗ ಮೂರನೆಯ ಅರ್ಜಿ ಹೋಯಿತು. ಒಂದೂವರೆ ತಿಂಗಳಿಗೆ ಭತ್ಯೆ ಬಂತು. ಅಷ್ಟರಲ್ಲಿ ತಂಪು ಪಾನೀಯದ ಗೋದಾಮಿನಲ್ಲಿ ಕೆಲಸ ಹುಡುಕಿಕೊಳ್ಳಲು ಅವನಿಗೆ ಉಸಿರಾಡುವ ಸಮಯ ಸಿಕ್ಕಿತು. ಸೂಪರ್‌ವೈಸರ್ ಕೆಲಸ ಅಲ್ಲ. ಪೆಟ್ಟಿಗೆ ಇಳಿಸುವುದು, ಪೆಟ್ಟಿಗೆ ಏರಿಸುವುದು. ಓಣಿಯಲ್ಲಿ ಕೇಳಿದರೆ ಹಾಗೆಂದೇ ಹೇಳುತ್ತಾನೆ.

ಆದರೆ ಅದಕ್ಕೂ ಮೊದಲು, ಆ ಬಸ್ಸಿನಿಂದ ಇಳಿದ ದಿನವೇ, ಮನೆಯಲ್ಲಿ ಕೂತು ಅವನು ಜೈತುನಬಿಯ ಪರವಾಗಿ ಮೇಲ್ಮನವಿ ಬರೆದ. ಸರ್ಕಾರಿ ಕನ್ನಡ ಅವನಿಗೆ ನೀರು ಕುಡಿದಷ್ಟು ಸುಲಭ. ಈ ಮೂರೂ ಹೆಸರಿನವರು ಒಬ್ಬಳೇ, ಪುಸ್ತಕದಲ್ಲಿ ತಪ್ಪು ಬರೆದವನು ನಾನು, ಅದರಿಂದಲೇ ಈಕೆಗೆ ತಡವಾಗಿದೆ, ಶಿಕ್ಷೆ ಇದ್ದರೆ ನನಗಾಗಲಿ ಎಂದು ಬರೆದ. ಕೆಳಗೆ ಸಹಿ ಹಾಕಿ, ಹುದ್ದೆಯ ಜಾಗದಲ್ಲಿ ಸೂಪರ್‌ವೈಸರ್ ಎಂದು ಬರೆದು ಸ್ವಲ್ಪ ಹೊತ್ತು ನೋಡಿದನಂತೆ. ಆಮೇಲೆ ಅದರ ಹಿಂದೆ ಎರಡೇ ಅಕ್ಷರ ಸೇರಿಸಿದ: ಮಾಜಿ. ನೀಲವ್ವ ಆ ಕಾಗದವನ್ನು ಎರಡು ಸಲ ಓದಿಸಿಕೊಂಡು, ಕೇಳದೆಯೇ ಇನ್ನೊಂದು ಬಿಸಿ ರೊಟ್ಟಿ ಹಾಕಿದಳಂತೆ.

ಮೇಲ್ಮನವಿಗೆ ಇನ್ನೂ ಉತ್ತರ ಬಂದಿಲ್ಲ. ಬರುತ್ತದೋ ಇಲ್ಲವೋ ನನಗೂ ಗೊತ್ತಿಲ್ಲ. ಜೈತುನಬಿ ಮೆಟ್ಟಿಲ ಮೇಲೆ ಕೂತೇ ಇದ್ದಾಳೆ.

ಈಗ ನಿಮ್ಮ ಸರದಿ. ಕೆಲಸ ಹೋಗಿದ್ದರೆ ಹೋಗಿದೆ ಎಂದು ಮನೆಯವರ ಮುಂದೆ, ಓಣಿಯವರ ಮುಂದೆ ಹೇಳಿ. ಯಾರ ಅನ್ನವನ್ನೂ ಕದ್ದಿಲ್ಲವಲ್ಲ, ಮುಚ್ಚಿಡುವುದೇಕೆ? ಕೆಲಸ ಇರುವವರು, ಓದು ಬರುವವರು, ನಿಮಗೆ ಹೇಳುತ್ತೇನೆ: ಮಾಡಿಸೋಣ ಎಂಬ ಮಾತನ್ನು ಇವತ್ತಿನಿಂದ ಬಿಡಿ. ಆಗುವುದಿಲ್ಲ ಎಂದರೆ ಆಗುವುದಿಲ್ಲ ಎನ್ನಿ, ಅವರು ಬೇರೆ ಬಾಗಿಲಿಗೆ ಹೋಗುತ್ತಾರೆ. ಆಗುತ್ತದೆ ಎಂದರೆ ಚಪ್ಪಲಿ ಮೆಟ್ಟಿಕೊಂಡು ಜೊತೆಗೆ ನಡೆಯಿರಿ. ಯಾರಾದರೂ ಕಾಗದ ತಂದು ಮುಂದಿಟ್ಟರೆ ಬಿಡಿಸಿ, ಮೊದಲ ಸಾಲಿನಿಂದ ಕೊನೆಯ ಸಾಲಿನವರೆಗೆ ಓದಿ. ನಿಮ್ಮ ಕೈಕೆಳಗೆ ಯಾರಾದರೂ ದುಡಿಯುತ್ತಿದ್ದರೆ, ಇವತ್ತು ರಾತ್ರಿಯೇ ಅವರ ಹೆಸರನ್ನು ಸರಿಯಾಗಿ ಬರೆದಿದ್ದೀರಾ ಎಂದು ನೋಡಿಕೊಳ್ಳಿ. ನಾನೂ ಕಲಿಯುತ್ತಿದ್ದೇನೆ. ಮುರಿಗೆಪ್ಪನ ಕಾಲಿಗೆ ಬೀಳಲು ಆಗಲಿಲ್ಲ, ಅವನು ಬಿಡಲಿಲ್ಲ. ಕಾಗದ ತಂದವರ ಜೊತೆ ಕೂತು ಓದಲು ಮಠದ ಜಗಲಿಯಲ್ಲಿ ಒಂದು ಮೇಜು, ಎರಡು ಕುರ್ಚಿ ಹಾಕಿಸಿದ್ದೇನೆ.

ಬುಧವಾರ ಜೈತುನಬಿಯ ಮೇಲ್ಮನವಿ ಏನಾಯಿತು ಎಂದು ವಿಚಾರಿಸಲು ಜಿಲ್ಲಾ ಕಚೇರಿಗೆ ಹೊರಟಿದ್ದೇನೆ. ನಾನೊಬ್ಬನೇ ಹೋದರೆ ಹಾರ ಹಾಕಿ, ಹಾಲು ಕೊಟ್ಟು, ನೋಡೋಣ ಅಜ್ಜಾರ ಎಂದು ಕಳಿಸಿಬಿಡುತ್ತಾರೆ. ಕಾಗದ ಓದಬಲ್ಲವರು, ಕಾದು ಕೂರಬಲ್ಲವರು ಇಬ್ಬರು ಜೊತೆಗೆ ಬೇಕು. ಬೆಳಿಗ್ಗೆ ಏಳರ ಬಸ್ಸು. ನನಗೆ ಕೈ ಮುಗಿಯುವುದು ಆಮೇಲೆ ಆಗಲಿ. ಬರುವವರು ಈಗ ಕೈ ಎತ್ತಿ.