ಖಾಲಿ ಗೆರೆಯ ಶಾಸಕ

ಶನಿವಾರ, ನ್ಯೂ ಹ್ಯಾಂಪ್‌ಶೈರ್‌ನ ನಮ್ಮೂರಲ್ಲಿ ಮನೆ ಕಸವನ್ನು ನಾವೇ ಒಯ್ದು ಹಾಕುವ ಕಸದಂಗಳದ ಮುಂದೆ ಸರತಿ ಸಾಲು. ನನ್ನ ಮುಂದಿದ್ದವರು ಶಾಸಕ ಆರಿನ್‌ನ ಹೆಂಡತಿ ಡಾರ್ಕಸ್ ಮತ್ತು ಹೋದ ತಿಂಗಳಷ್ಟೇ ಅಂಚೆ ಕಚೇರಿಯಿಂದ ನಿವೃತ್ತನಾದ ವೆಂಡೆಲ್.

“ಆರಿನ್ ಈ ಸಲ ಚುನಾವಣೆಗೆ ನಿಲ್ಲಲ್ವಂತೆ. ಇನ್ನು ಮನೇಲೇ ಇರ್ತಾನೆ ಬಿಡಮ್ಮ,” ಎಂದ ವೆಂಡೆಲ್.

“ಅದೇ ನನ್ನ ತಲೆನೋವು. ಅವನನ್ನ ಶಾಸಕ ಮಾಡಿದ್ದೇ ನಾನು.”

“ನೀನಾ?”

“ರಿಟೈರಾಗಿ ಬಂದವನು ನನ್ನ ಅಡುಗೆಮನೆ ಡಬ್ಬಗಳನ್ನೆಲ್ಲ ಅಕ್ಷರಮಾಲೆ ಪ್ರಕಾರ ಜೋಡಿಸಿದ. ಆ ವರ್ಷ ಯಾರೂ ನಿಂತಿರಲಿಲ್ಲ. ಮತಪತ್ರದಲ್ಲಿ ನಮಗೆ ಬೇಕಾದವರ ಹೆಸರು ಬರೆಯೋಕೆ ಒಂದು ಖಾಲಿ ಗೆರೆ ಇರುತ್ತಲ್ಲ, ಅಲ್ಲಿ ಇವನ ಹೆಸರು ಬರೆದೆ. ತಂಗೀರ ಕೈಲೂ ಬರೆಸಿದೆ. ಗೆದ್ದುಬಿಟ್ಟ.”

“ಇಷ್ಟು ವರ್ಷ ಸಭೇಲಿ ಏನು ಮಾಡಿದ?”

“ಹೆದ್ದಾರಿ ಮೇಲಿನ ಊರುಗಳ ಹೆಸರು ಅಕ್ಷರಮಾಲೆ ಪ್ರಕಾರ ಬರೋ ಹಾಗೆ ಬದಲಾಯಿಸ್ಬೇಕು ಅಂತ ಮಸೂದೆ ತರ್ತಿದ್ದ. ಪ್ರತಿ ಸಲ ಬಿದ್ದುಹೋಗ್ತಿತ್ತು. ನನ್ನ ಡಬ್ಬಗಳು ಮಾತ್ರ ಕ್ಷೇಮವಾಗಿದ್ವು. ಈ ಸಲವೂ ಯಾರೂ ನಿಂತಿಲ್ಲ. ಮಂಗಳವಾರ ಮತ ಹಾಕೋವಾಗ ನೀನೂ ಅವನ ಹೆಸರು ಬರಿ, ವೆಂಡೆಲ್.”

“ಆಗಲ್ಲಮ್ಮ. ನನ್ನ ಹೆಂಡತಿ ಮೇಬಲ್ ಬೀದಿಯವರಿಗೆಲ್ಲ ‘ನಮ್ಮ ವೆಂಡೆಲ್ ಹೆಸರೇ ಬರೀರಿ’ ಅಂತ ಹೇಳಿಟ್ಟಿದ್ದಾಳೆ. ನನ್ನ ಮೇಲೆ ಅಷ್ಟು ಅಭಿಮಾನ ಅವಳಿಗೆ.”

ಡಾರ್ಕಸ್ ಅವನ ಕೈಯಲ್ಲಿದ್ದ ಪೆಟ್ಟಿಗೆಯೊಳಗೆ ಇಣುಕಿದಳು. ಎಸೆಯಲು ತಂದ ಬಾಟಲಿಗಳೆಲ್ಲ ಎತ್ತರದ ಪ್ರಕಾರ ಸಾಲಾಗಿ ನಿಂತಿದ್ದವು.

“ನೀನೇ ಗೆಲ್ತೀಯ ಬಿಡು,” ಎಂದು ಚೀಲ ಎತ್ತಿಕೊಂಡು ಮುಂದೆ ನಡೆದಳು.