ಗಾಜಿನ ಪೆಟ್ಟಿಗೆಯ ಬೆರಳು

ರೆಲಿಕಿ... ಅಲ್ಲ, ರೆಲಿಕ್ಕೋ ಎಂತದೋ ಅಂತಿದ್ದರು ಕ್ರಿಸ್ತುವರು. ಹೋಗಲಿ ಮಗಾ, ಸಂತನ ಎಲುಬು ಅಂತ ಬರಕೊ, ಆತು. ಹೊನ್ನಾವರದ ಬದಿಯ ಒಂದು ಸಣ್ಣ ಇಗರ್ಜಿಯಲ್ಲಿ, ಅದೇ ಅವರ ಚರ್ಚಿನಲ್ಲಿ, ಗಾಜಿನ ಪೆಟ್ಟಿಗೆಯೊಳಗೆ, ಒಂದು ಬೆರಳಿನ ಎಲುಬು ಇತ್ತು.

ಕರ್ಕಿಯ ಕಮಲಿ ಶುಕ್ರವಾರ ತಪ್ಪದೆ ಮೀನು ಮಾರಿ ಮುಗಿಸಿ ಅದರೆದುರು ಮೇಣದ ಬತ್ತಿ ಹಚ್ಚುತ್ತಿದ್ದಳು. ದೋಣಿಯಲ್ಲಿ ಹೋದ ಗಂಡ ಶಿವ ಏಳು ವರ್ಷವಾದರೂ ಬಂದಿರಲಿಲ್ಲ. ಹೆಣವೂ ಸಿಕ್ಕಿರಲಿಲ್ಲ. ಹಾಗಾಗಿ ಅವಳು ಬಳೆ ತೆಗೆದಿರಲಿಲ್ಲ. "ಬತ್ತಿ ಬೇಡ್ವೆ, ಬಂಗಡೆ ಕೊಡು, ಸಂತ ಬೇಗ ಒಪ್ತಾನೆ" ಎಂದು ಪೇಟೆಯ ಹೆಂಗಸರು ನಗುತ್ತಿದ್ದರು.

ಮೊನ್ನೆ ಮಳೆಗಾಲ ಕಳೆದ ಮೇಲೆ ಗೋವೆಯಿಂದ ಪರೀಕ್ಷೆ ಮಾಡುವವರು ಬಂದರು. ಇದು ನಾನೂರು ವರ್ಷದ ಸಂತನದ್ದಲ್ಲ, ಸತ್ತು ಹತ್ತು ವರ್ಷವೂ ಆಗದ ಯಾರದ್ದೋ ಬೆರಳು ಎಂದರು. ಇಗರ್ಜಿಯಲ್ಲಿ ರಾತ್ರಿಯವರೆಗೆ ಜಗಳ. ಎಲುಬಿನೆದುರು ಬೇಡಿ ಕಾಯಿಲೆ ವಾಸಿಯಾದದ್ದು ಸುಳ್ಳಾ ಎಂದು ಕೆಲವರು, ಪರೀಕ್ಷೆಯ ಕಾಗದ ಸುಳ್ಳಾ ಎಂದು ಕೆಲವರು. ಕಮಲಿ ಬಾಗಿಲ ಬಳಿ ಕೂತು ಕೇಳಿದಳು. ಎಲುಬು ಸುಳ್ಳಾದರೆ ಹರಕೆಯೂ ಸುಳ್ಳು... ಶಿವ ಬರುವುದೂ ಸುಳ್ಳು.

ಒಬ್ಬಳೇ ಮನೆಗೆ ಹೊರಟಳು. ಆಲದ ಮರ ದಾಟಿ ಬಾವಿಯ ಹತ್ತಿರ ಬಂದಾಗ ಹಿಂದೆ ಸದ್ದು. ಪಟ್... ಪಟ್... ಒದ್ದೆ ಲುಂಗಿ ಕಾಲಿಗೆ ಬಡಿಯುವ ಸದ್ದು. ಅವಳು ನಿಂತಳು. ಅದೂ ನಿಂತಿತು. ಆಮೇಲೆ ತರಗೆಲೆಯ ಮೇಲೆ ನೀರು ತೊಟ್ಟಿಕ್ಕುವುದು ಮಾತ್ರ... ಟಿಪ್... ಟಿಪ್...

ತಿರುಗಲಿಲ್ಲ. ಪಿಸುಗುಟ್ಟಿದಳು. "ಬಂದ್ರಾ?"

"ಬಂದು ಆರು ವರ್ಷ ಆತು, ಕಮಲಿ... ನನ್ನ ಹತ್ರನೇ ನನ್ನ ಬೇಡ್ತಾ ಇದ್ಯಲ್ಲೆ."

ಬೆಳಿಗ್ಗೆ ಇಗರ್ಜಿಗೆ ಹೋದರೆ, ಗಂಟೆ ಹೊಡೆಯುವ ಮುದುಕ ಬಸ್ತ್ಯಾಂವ ಪಾದ್ರಿಯ ಎದುರು ಅಳುತ್ತಿದ್ದ. ಸಂತನ ಎಲುಬು ಹಿಂದೆಯೇ ಪುಡಿಯಾಗಿ ಹೋಗಿತ್ತಂತೆ. ಹೆಸರು ಗೊತ್ತಿಲ್ಲದ ಎಲುಬು ಬಲೆಗೆ ಸಿಕ್ಕರೆ ನಮ್ಮ ದೋಣಿಯವರು ಮತ್ತೆ ನೀರಿಗೆ ಎಸೆಯುವುದಿಲ್ಲ. ಹತ್ತಿರದ ದೇವರಿಗೆ ಒಪ್ಪಿಸುತ್ತಾರೆ, ಯಾವ ಜಾತಿಯ ದೇವರಾದರೂ ಸರಿ. ಆರು ವರ್ಷದ ಹಿಂದೆ ಹಾಗೆ ತಂದುಕೊಟ್ಟದ್ದನ್ನು ಬಸ್ತ್ಯಾಂವ ಪೆಟ್ಟಿಗೆಯಲ್ಲಿ ಇಟ್ಟುಬಿಟ್ಟಿದ್ದ.

ಕಮಲಿ ಸೆರಗು ಒಡ್ಡಿದಳು. ಪಾದ್ರಿ ಪೆಟ್ಟಿಗೆ ತೆರೆದು ಎಲುಬನ್ನು ಅದರಲ್ಲಿ ಹಾಕಿದರು. ಕಡಲ ದಂಡೆಗೆ ಹೋಗಿ ಬಳೆ ಕಳಚಿದಳು. ಅಲ್ಲಿಯವರೆಗೆ ಬಾಯಿಬಿಟ್ಟು ಹೇಳದ ಗಂಡನ ಹೆಸರು ಕರೆದು, ಎಲುಬನ್ನು ನೀರಿಗೆ ಬಿಟ್ಟಳು.

ದೂರದೂರಲ್ಲಿ ಕೂತು ನಾನು ಸೇರಿಸಿದ್ದಲ್ಲ ಇದು. ಕಮಲಿ ನನ್ನ ತಂಗಿಯ ಮಗಳು, ಫೋನಿನಲ್ಲಿ ಅವಳೇ ಹೇಳಿದ್ದು. ಅಷ್ಟು ವರ್ಷ ಗಾಜಿನೊಳಗಿದ್ದ ಎಲುಬು, ಸೆರಗಿಗೆ ಬಿದ್ದಾಗ ಬೆಚ್ಚಗಿತ್ತಂತೆ.

ಬರಕೊ ಮಗಾ. ಬೆಚ್ಚಗಿತ್ತು ಅಂತ ಬರಕೊ.